ಅಮ್ಮಾವ್ರ ಎಡಗಾಲು

ನಾನು ನಾಟ್ಯ ಕಲಿಯಲು ಹೋದದ್ದು ಕಲೆಯ ಮೇಲಿನ ಪ್ರೀತಿಯಿಂದಲ್ಲ. ನಾನು ಎಡಚಿ, ಅದಕ್ಕೆ. ಈಗಿನವರಿಗೆ ನಗು ಬರಬಹುದು. ಆಗ ನಮ್ಮ ಮನೆಯಲ್ಲಿ ಯಾರೂ ನಗುತ್ತಿರಲಿಲ್ಲ. ಸಂತೇಪೇಟೆಯಲ್ಲಿ ಅಪ್ಪಾಜಿಯ ಬೆಲ್ಲದ ಮಂಡಿ, ಮನೆ ತುಂಬ ಬಂದು ಹೋಗುವ ಜನ, ಮಠದ ಸ್ವಾಮಿಗಳು ಪಾದಪೂಜೆಗೆ ಬರುತ್ತಿದ್ದ ಮನೆತನ. ಅಂಥ ಮನೆಯ ಹುಡುಗಿ ಪ್ರಸಾದಕ್ಕೆ ಎಡಗೈ ಒಡ್ಡಿದರೆ ಹೇಗಿರುತ್ತದೆ ಯೋಚನೆ ಮಾಡಿ! ಅಜ್ಜಿ ಹಳೇ ಸೀರೆಯ ಅಂಚು ಹರಿದು ನನ್ನ ಎಡಗೈಯನ್ನು ಸೊಂಟಕ್ಕೆ ಕಟ್ಟುತ್ತಿದ್ದರು. ಶಾಲೆಯಲ್ಲಿ ಮೇಷ್ಟ್ರು ಗೆಣ್ಣಿನ ಮೇಲೆ ರೂಲುದೊಣ್ಣೆಯಲ್ಲಿ ಬಾರಿಸುತ್ತಿದ್ದರು. ಏನು ಮಾಡಿದರೂ ಕಟ್ಟು ಬಿಚ್ಚಿದ ಗಳಿಗೆಗೆ ಆ ಕೈಯೇ ಮುಂದೆ ಬರುತ್ತಿತ್ತು. ಕೈ ಹಾಗಿರಲಿ, ಎಡ ಯಾವುದು, ಬಲ ಯಾವುದು ಅಂತ ಕೇಳಿದರೆ ನನಗೆ ಹೇಳಲೂ ಬರುತ್ತಿರಲಿಲ್ಲ.

"ಇವಳನ್ನ ಯಾರು ಮದುವೆ ಆಗ್ತಾರೆ? ಗಂಡನ ಮನೆ ಹೊಸಿಲಲ್ಲಿ ಎಡಗಾಲಿಟ್ಟುಬುಟ್ರೆ ಏನು ಗತಿ?" ಅಂತ ಅಜ್ಜಿ ದಿನಕ್ಕೊಂದು ಸಲವಾದರೂ ಗೋಳಾಡುತ್ತಿದ್ದರು. ನನಗಾಗ ಹಾಲುಹಲ್ಲು ಬಿದ್ದು ಮುಗಿದಿರಲಿಲ್ಲ.

ಉಪಾಯ ಹೇಳಿಕೊಟ್ಟವರು ಪಕ್ಕದ ಮನೆಯ ವಕೀಲರ ಹೆಂಡತಿ. ಆ ವಕೀಲರು ಅಗ್ರಹಾರದ ಕಡೆಯ ಒಂದು ನಾಟ್ಯಶಾಲೆಗೆ ಕಾರ್ಯದರ್ಶಿಗಳಾಗಿದ್ದರು. "ನಮ್ಮನೆಯವರ ಶಾಲೆಗೆ ಸೇರಿಸಿ ಕಣ್ರೀ. ಅಲ್ಲಿ ಮೊದಲು ಬಲಗಾಲು, ಆಮೇಲೆ ಎಡಗಾಲು. ದಿನಾ ತಟ್ಟಿ ತಟ್ಟಿ ತಾನಾಗೇ ಸರಿಹೋಗುತ್ತೆ" ಅಂತ ಅವರು ಅವ್ವನಿಗೆ ಹೇಳಿದರು. ನಾಟ್ಯ ಅನ್ನುವ ಮಾತು ಕಿವಿಗೆ ಬಿದ್ದದ್ದೇ ತಡ, ಅಜ್ಜಿ ಎರಡೂ ಕಿವಿ ಮುಚ್ಚಿಕೊಂಡು ಶಿವ ಶಿವಾ ಅಂದರು. ಮಾನವಂತರ ಮನೆ ಮಕ್ಕಳು ಕುಣಿಯುವುದೇ? ಅಪ್ಪಾಜಿಯೂ ವ್ಯಾಪಾರಸ್ಥರೇ, ಮಾತು ತಿರುಗಿಸುವುದು ಅವರಿಗೂ ಗೊತ್ತಿತ್ತು. "ಕುಣಿಯೋಕಲ್ಲ ಅವ್ವ, ಬಲಗಾಲು ಕಲಿಯೋಕೆ" ಅಂತ ಅಜ್ಜಿಗೆ ಅಂದರು. ಹೀಗೆ ನನ್ನ ನಾಟ್ಯಾಭ್ಯಾಸ ಒಂದು ಥರದ ಔಷಧಿಯಾಗಿ ಶುರುವಾಯಿತು.

ಆ ಶಾಲೆಯ ಹೆಸರು ಇಲ್ಲಿ ಬರೆಯುವುದಿಲ್ಲ. ಅದರಲ್ಲಿ 'ರಾಷ್ಟ್ರೀಯ' ಅನ್ನುವ ಪದ ಇತ್ತು ಅಂದರೆ ಸಾಕು. ದೇಶಕ್ಕೆ ಸ್ವಾತಂತ್ರ್ಯ ಬಂದ ಹೊಸತು, ಊರಿನಲ್ಲಿ ಯಾವುದಕ್ಕೆ ನೋಡಿದರೂ ಆ ಪದ ಅಂಟಿಸುವ ಚಾಳಿ. ನಮ್ಮ ಬೀದಿಯ ಕ್ಷೌರದಂಗಡಿಯೂ ರಾಷ್ಟ್ರೀಯವೇ ಆಗಿತ್ತು. ಅರಮನೆಯಲ್ಲಿ ಕುಣಿದು ಹಾಡಿ ಬದುಕಿದ್ದವರಿಗೆ ಮುಂದೇನು ಅನ್ನುವ ಕಾಲ ಬಂದಿತ್ತು. ವಕೀಲರು, ಒಬ್ಬ ಡಾಕ್ಟರು, ಕಾಲೇಜಿನ ಒಬ್ಬ ಪ್ರೊಫೆಸರು ಸೇರಿಕೊಂಡು ಒಂದು ಹಳೇ ಹೆಂಚಿನ ಮನೆ ಹಿಡಿದು ಬೋರ್ಡು ಬರೆಸಿದರು. ಬೋರ್ಡು ಎಷ್ಟು ಅಗಲವಾಯಿತೆಂದರೆ ಅದನ್ನು ತೂಗುಹಾಕಿದ ಮೇಲೆ ಪಕ್ಕದ ಕಿಟಕಿಯ ಒಂದು ಬಾಗಿಲು ತೆರೆಯಲೇ ಆಗಲಿಲ್ಲ. ಅಗ್ರಹಾರದ ಹುಡುಗಿಯರು, ಸಂತೇಪೇಟೆಯ ನಾವು, ಹಾಲಿನ ಗಾಡಿಯಲ್ಲಿ ಕೂತು ಊರಾಚೆಯ ಬೋಗಾದಿ ಹಳ್ಳಿಯಿಂದ ಬರುತ್ತಿದ್ದ ಒಬ್ಬಳು. ನಮ್ಮ ರಾಷ್ಟ್ರ ಬೋಗಾದಿಗೆ ಮುಗಿಯುತ್ತಿತ್ತು.

ಕಲಿಸುತ್ತಿದ್ದವರು ಒಬ್ಬರೇ. ನಾವೆಲ್ಲ ಅವರನ್ನು ಅಮ್ಮಾವ್ರು ಅನ್ನುತ್ತಿದ್ದೆವು. ಚಿಕ್ಕಂದಿನಲ್ಲಿ ಅರಮನೆಯಲ್ಲಿ ಕುಣಿದವರು. "ನಾನೇನು ಮುಂದಿನ ಸಾಲಿನವಳಲ್ಲ ಕಣ್ರೇ, ಹಿಂದಿನ ಸಾಲು, ಅದರಲ್ಲೂ ಕಂಬದ ಮರೆ" ಅಂತ ಅವರೇ ಹೇಳಿಕೊಳ್ಳುತ್ತಿದ್ದರು. ಗಿಡ್ಡ, ದಪ್ಪ, ಹಣೆ ತುಂಬ ವಿಭೂತಿ, ಸೊಂಟದಲ್ಲಿ ನಶ್ಯದ ಡಬ್ಬಿ. ಮನೆ ಮಠ ಅಂತ ಬೇರೆ ಇರಲಿಲ್ಲ. ಶಾಲೆಯ ಹಿಂದಿನ ಕೋಣೆಯೇ ಅವರ ಸಂಸಾರ: ಒಂದು ಒಲೆ, ಒಂದು ಟ್ರಂಕು, ಅಂಗಳದಲ್ಲಿ ಕಾಕಡದ ಗಿಡ. ಮದುವೆ, ಮಕ್ಕಳು ಯಾವುದೂ ಇಲ್ಲ. ಕೇಳಿದರೆ, "ನಿಮ್ಮನ್ನ ಸಾಕೋದೇ ಸಾಕಾಗಿದೆ ಮುಂಡೇವಾ" ಅನ್ನುತ್ತಿದ್ದರು.

ನಮ್ಮ ಕಡೆ ನಾಟ್ಯ ಕಲಿಸುವವರು ಎದ್ದು ಕುಣಿಯುವ ಪದ್ಧತಿ ಇಲ್ಲ. ಗುರುಗಳು ನೆಲದ ಮೇಲೆ ಕೂತು ಮರದ ಮಣೆಗೆ ಕೋಲಿನಿಂದ ತಾಳ ತಟ್ಟುತ್ತ ತೈಯಾ ತೈ ಅಂತ ಬಾಯಲ್ಲಿ ಹೇಳುತ್ತಾರೆ. ಚೆನ್ನಾಗಿ ಕಲಿತ ಒಬ್ಬಳು ಮುಂದೆ ನಿಂತು ಮಾಡುತ್ತಾಳೆ, ಉಳಿದವರು ಅವಳ ಬೆನ್ನು ನೋಡಿಕೊಂಡು ಮಾಡಬೇಕು. ಅಮ್ಮಾವ್ರೂ ಹಾಗೇ ಕೂತು ಕಲಿಸುತ್ತಿದ್ದರು, ನಾನು ಬರುವ ತನಕ.

ನಾನು ಬಂದೆ, ತರಗತಿ ಕೆಟ್ಟಿತು. ಮುಂದಿನವಳು ಬಲಗಾಲು ತಟ್ಟಿದರೆ ನನ್ನ ಎಡಗಾಲು ತಟ್ಟುತ್ತಿತ್ತು. ಅವಳು ಬಲಕ್ಕೆ ಬಾಗಿದರೆ ನಾನು ಎಡಕ್ಕೆ ಬಾಗಿ ಪಕ್ಕದವಳ ತಲೆಗೆ ಡಿಕ್ಕಿ. ನನ್ನನ್ನು ನೋಡಿ ಹಾಲಿನ ಗಾಡಿಯವಳಿಗೂ ತಪ್ಪುತ್ತಿತ್ತು. ಅಮ್ಮಾವ್ರ ಬಾಯಿ ಕೇಳಬೇಕಿತ್ತು ಆಗ. "ಅಯ್ಯೋ ನನ್ನ ಕರ್ಮವೇ! ಬಲ ಅಂದ್ರೆ ಯಾವ ಕಡೆಯೇ ನಿಮ್ಮನೇಲಿ?" ನನ್ನ ಬಲಗಾಲಿಗೆ ಅರಿಶಿನದ ದಾರ ಕಟ್ಟಿ ನೋಡಿದರು. ಆದರೆ ಕುಣಿಯುವಾಗ ತಲೆ ಬಗ್ಗಿಸಿ ಕಾಲು ನೋಡುವ ಹಾಗಿಲ್ಲ. ನೋಡದಿದ್ದರೆ ದಾರ ಯಾವ ಕಾಲಿನಲ್ಲಿದೆ ಅನ್ನುವುದೇ ನನಗೆ ಮರೆತುಹೋಗುತ್ತಿತ್ತು. ಒಂದು ದಿನ ತಡೆಯಲಾಗದೆ ಅತ್ತುಬಿಟ್ಟೆ. ಮೂಗು ಸೋರಿಸಿಕೊಂಡು, "ನನಗೆ ಬರಲ್ಲ, ಮನೆಗೆ ಹೋಗ್ತೀನಿ" ಅಂದೆ.

ಅಮ್ಮಾವ್ರು ಕೋಲು ಕೆಳಗಿಟ್ಟರು. ಬೈಯುತ್ತಾರೆ ಅಂದುಕೊಂಡೆ. ಅವರು ಮಂಡಿ ಮೇಲೆ ಕೈಯೂರಿ, ಉಸ್ಸೆಂದು ಎದ್ದು, ಸೆರಗು ಸೊಂಟಕ್ಕೆ ಸಿಕ್ಕಿಸಿ ನನ್ನ ಎದುರಿಗೆ ಬಂದು ನಿಂತರು. "ಕಾಲು ನೋಡ್ಬೇಡ. ಎಡ ಬಲ ಎರಡೂ ಮರೆತುಬುಡು. ನನ್ನ ನೋಡು. ಕನ್ನಡಿ ನೋಡ್ತಿದೀನಿ ಅಂದ್ಕೊ" ಅಂದರು. ಮಂಡಿ ಅರ್ಧ ಬಗ್ಗಿಸಿ ಅರೆಮಂಡಿಗೆ ನಿಂತು ತಮ್ಮ ಎಡಗಾಲು ಎತ್ತಿದರು. ಕನ್ನಡಿಯಲ್ಲಿ ಆಗುವ ಹಾಗೆ ನನ್ನ ಬಲಗಾಲು ಎದ್ದಿತು. ಅವರು ತಟ್ಟಿದರು, ನಾನೂ ತಟ್ಟಿದೆ. ಪೂರ್ತಿ ಪಾಠ ಹೀಗೇ ನಡೆಯಿತು. ಎಲ್ಲವನ್ನೂ ಅವರು ಉಲ್ಟಾ ಮಾಡಿದರು, ನನಗೆ ಎಲ್ಲವೂ ಸರಿಯಾಗಿ ಬಂತು. ನನಗಾದ ಸಂತೋಷ ಹೇಳತೀರದು! ಜೀವನದಲ್ಲಿ ಮೊದಲ ಸಲ ಯಾರೋ ನನ್ನ ಕೈ ಕಟ್ಟದೆ ನನ್ನನ್ನು ಸರಿಮಾಡಿದ್ದರು.

ಆ ದಿನದಿಂದ ಅವರು ಮಣೆಯನ್ನು ದೊಡ್ಡ ಹುಡುಗಿಯೊಬ್ಬಳ ಕೈಗೆ ಕೊಟ್ಟು ತಾವು ಎದುರಿಗೆ ನಿಂತೇ ಕಲಿಸಿದರು. ನನಗೊಬ್ಬಳಿಗಲ್ಲ, ಎಲ್ಲರಿಗೂ. ಚಿಕ್ಕ ಮಕ್ಕಳು ಬೇಗ ಬೇಗ ಕಲಿಯುವುದನ್ನು ನೋಡಿ ಅವರಿಗೇ ಆಶ್ಚರ್ಯ. ಒಂದು ತಂಡ ಹೋಯಿತು, ಇನ್ನೊಂದು ಬಂತು. ನಾನು ಲಂಗದ ಮೇಲೆ ದಾವಣಿ ಹಾಕಿಕೊಳ್ಳುವಷ್ಟು ಬೆಳೆದೆ. ಅಷ್ಟು ಕಾಲವೂ ಅಮ್ಮಾವ್ರು ಬೆಳಿಗ್ಗೆ ಸಂಜೆ ಎಡಗಾಲಿನಿಂದಲೇ ಶುರುಮಾಡುತ್ತ ಬಂದರು. ನಾಟ್ಯದಿಂದ ನನ್ನ ಎಡಚತನ ಹೋಗಲಿಲ್ಲ, ಅಮ್ಮಾವ್ರಿಗೆ ಅಂಟಿಕೊಂಡಿತು. ಇದು ನಮಗ್ಯಾರಿಗೂ ಗೊತ್ತಾಗಲಿಲ್ಲ, ಅವರಿಗೂ ಗೊತ್ತಿರಲಿಲ್ಲ.

ಕನ್ನಡ ನಾಡೆಲ್ಲ ಒಂದಾದ ಹೊಸದರಲ್ಲಿ ವಕೀಲರು ಒಂದು ಮಧ್ಯಾಹ್ನ ಜರಿಪೇಟ ಕೂಡ ತೆಗೆಯದೆ ಓಡಿಬಂದರು. ನಾನು ಪಡಸಾಲೆಯಲ್ಲಿ ಕೂತು ಗೆಜ್ಜೆಗೆ ಹೊಸ ದಾರ ಪೋಣಿಸುತ್ತಿದ್ದೆ. ದಿಲ್ಲಿಯಿಂದ ಶಾಲೆ ನೋಡಲು ಒಂದು ಸಮಿತಿ ಬರುತ್ತದಂತೆ. ಅವರು ಒಪ್ಪಿದರೆ ನಮ್ಮ ಶಾಲೆ ನಿಜವಾಗಿಯೂ ರಾಷ್ಟ್ರೀಯ ಆಗುತ್ತದೆ, ಬೇರೆ ಬೇರೆ ರಾಜ್ಯದವರು ಇಲ್ಲಿಗೆ ಬಂದು ನಾಟ್ಯದ ತರಬೇತಿ ಪಡೆಯುತ್ತಾರೆ. ವಕೀಲರ ಮುಖ ಹಬ್ಬವಾಗಿತ್ತು. ಅಮ್ಮಾವ್ರೂ ಒಳ್ಳೇದಾಯ್ತು ಬುಡಿ ಅಂದರು.

"ಆದರೆ ಕಲಿಸೋರನ್ನ ಅವರೇ ಆರಿಸ್ತಾರಂತೆ. ನಿಮ್ಮ ನಾಟ್ಯವನ್ನೂ ನೋಡಬೇಕಂತೆ" ಅಂದರು ವಕೀಲರು.

"ನೋಡಿ ಬ್ಯಾಡ ಅಂದ್ರೆ?"

ವಕೀಲರು ಸೂರು ನೋಡಿದರು. "ಮದರಾಸಿನ ಕಡೆಯಿಂದ ಯಾರನ್ನಾದರೂ ಕರೆಸ್ತಾರೇನೋ. ಹಿಂದಿನ ಕೋಣೆಯೂ ಅವರಿಗೇ..." ಅಂತ ಅಲ್ಲಿಗೇ ನಿಲ್ಲಿಸಿದರು.

ಅಮ್ಮಾವ್ರು ತಮ್ಮ ಕೋಣೆಯ ಕಡೆಗೊಮ್ಮೆ, ಕಾಕಡದ ಗಿಡದ ಕಡೆಗೊಮ್ಮೆ ನೋಡಿದರು. "ಅಲ್ರೀ, ಈ ವಯಸ್ಸಲ್ಲಿ ನಾನೆಲ್ಲಿಗೆ ಹೋಗ್ಲಿ?" ಅಂದರು. ಅವರು ಅಷ್ಟು ಮೆಲ್ಲಗೆ ಮಾತಾಡಿದ್ದನ್ನು ನಾನು ಅದುವರೆಗೂ ಕೇಳಿರಲಿಲ್ಲ. ನನಗೆ ವಕೀಲರ ಮೇಲೂ ದಿಲ್ಲಿಯ ಮೇಲೂ ಒಟ್ಟಿಗೆ ಕೋಪ ಬಂತು.

ಸಮಿತಿಯವರು ಬರುವ ದಿನ ಮನೆಗೆಲ್ಲ ಸುಣ್ಣ ಹೊಡೆಸಿ ಆಗಿತ್ತು. ಬಾಗಿಲಿಗೆ ಮಾವಿನ ತೋರಣ, ಡಾಕ್ಟರ ಮನೆಯಿಂದ ತಂದ ಬೆತ್ತದ ಕುರ್ಚಿಗಳು, ಪ್ರೊಫೆಸರ ಮನೆಯಿಂದ ಮೈಸೂರು ಪಾಕು. ನಮ್ಮ ಅಜ್ಜಿ ಕೂಡ ಗುಟ್ಟಾಗಿ ಒಂದು ಮೊರ ಮಲ್ಲಿಗೆ ಕಳಿಸಿದ್ದರು. ಕಿವಿ ಮುಚ್ಚಿಕೊಂಡಿದ್ದ ಅದೇ ಅಜ್ಜಿ! ಬಂದವರಲ್ಲಿ ಇಬ್ಬರು ದಿಲ್ಲಿಯ ಗಂಡಸರು. ಅವರಿಗೆ ವಕೀಲರು ಇಂಗ್ಲಿಷಿನಲ್ಲಿ ಎಲ್ಲ ವಿವರಿಸುತ್ತಿದ್ದರು. ಮೂರನೆಯವರು ಬೆಂಗಳೂರಿನ ಹೆಂಗಸು, ಖಾದಿ ಸೀರೆ, ನರೆತ ಕೂದಲು. ನಾಟ್ಯ ಬಲ್ಲವರು ಅಂತ ಅವರು ಕೂತ ರೀತಿಯಲ್ಲೇ ಗೊತ್ತಾಗುತ್ತಿತ್ತು. ನಾವು ಮಕ್ಕಳೆಲ್ಲ ಮಾಡಿದೆವು, ಆಕೆ ತಲೆದೂಗಿದರು. ಆಮೇಲೆ, "ಈಗ ನೀವೊಂದು ಸ್ವಲ್ಪ ಮಾಡಿ ತೋರಿಸಿ ಅಮ್ಮ" ಅಂತ ಅಮ್ಮಾವ್ರ ಕಡೆ ತಿರುಗಿದರು.

ಅಮ್ಮಾವ್ರು ಅವತ್ತು ಟ್ರಂಕಿನಲ್ಲಿದ್ದ ಹಳೇ ಜರಿ ಸೀರೆ ಉಟ್ಟಿದ್ದರು. ನೆಲ ಮುಟ್ಟಿ ಕಣ್ಣಿಗೊತ್ತಿಕೊಂಡು ಮಣೆಯ ತಾಳಕ್ಕೆ ಕಾದರು. ತಾಳ ಬಿದ್ದಿತು. ಎಡಗಾಲು ತಟ್ಟಿದರು.

ಆ ಹೆಂಗಸು ಹುಬ್ಬು ಗಂಟಿಕ್ಕಿ, "ಎಡಗಾಲು?" ಅಂದರು, ತಮಗೆ ತಾವೇ ಅನ್ನುವ ಹಾಗೆ. ಮೊದಲ ಪಾಠದ ಮೊದಲ ಹೆಜ್ಜೆ ಬಲಗಾಲಿನದು ಅಂತ ಬಾಗಿಲ ಬಳಿ ನಿಂತಿದ್ದ ಹಾಲಿನ ಗಾಡಿಯವನಿಗೂ ಗೊತ್ತಿತ್ತು. ಅಮ್ಮಾವ್ರು ನಿಂತರು. ಸರಿಮಾಡಿಕೊಂಡು ಮತ್ತೆ ಶುರುಮಾಡಿದರು. ಮತ್ತೆ ಎಡಗಾಲು. ಹಟ ಹಿಡಿದು ಬಲಗಾಲು ತಟ್ಟಿದರೆ ಕೈ ಇನ್ನೊಂದು ಕಡೆಗೆ ಹೋಯಿತು, ಕಣ್ಣು ಮತ್ತೊಂದು ಕಡೆಗೆ. ಅಮ್ಮಾವ್ರ ಮುಖ ಬಿಳಿಚಿಕೊಂಡಿತು. ವಕೀಲರು ಪೇಟ ತೆಗೆದು ಬೆವರು ಒರೆಸಿಕೊಂಡರು. ದಿಲ್ಲಿಯವರಲ್ಲೊಬ್ಬರು ಗಡಿಯಾರ ನೋಡಿಕೊಂಡರು. ನನಗೆ ಜೀವ ಬಾಯಿಗೆ ಬಂದಿತ್ತು. ಹೋಯಿತು, ಎಲ್ಲ ಹೋಯಿತು, ಒಲೆ, ಟ್ರಂಕು, ಗಿಡ, ಅಮ್ಮಾವ್ರು, ಎಲ್ಲ ಹೋಯಿತು ಅಂತ ಒಂದೇ ಸಮನೆ ಮನಸ್ಸು ಬಡಿದುಕೊಳ್ಳುತ್ತಿತ್ತು.

ಅಮ್ಮಾವ್ರು ತಮ್ಮ ಕಾಲನ್ನೇ ನೋಡುತ್ತ ನಿಂತರು. ನಮಗೆ ನೋಡಬೇಡಿ ಅಂತಿದ್ದ ಕಾಲು. ಆಮೇಲೆ ಅವರಿಗೆ ಏನೋ ಹೊಳೆಯಿತು. ತಲೆ ಎತ್ತಿ, ದಿನಾ ಕೂಗುವ ಅದೇ ಗಂಟಲಿನಲ್ಲಿ, "ಲೇ ಎಡಚಿ, ಬಾರೇ ಇಲ್ಲಿ!" ಅಂದರು.

ಹೋದೆ.

"ಎದುರಿಗೆ ನಿಂತ್ಕೊ" ಅಂದು, ಆ ಹೆಂಗಸಿನ ಕಡೆ ತಿರುಗಿ, "ತಪ್ಪು ತಿಳ್ಕೋಬೇಡಿ ಕಣ್ರಮ್ಮ. ಎದುರಿಗೆ ಮಕ್ಕಳಿಲ್ದೆ ನಂಗೆ ಬರಲ್ಲ" ಅಂದರು.

ಅವರ ಎದುರಿಗೆ ನಿಂತರೆ ಕುರ್ಚಿಯಲ್ಲಿದ್ದವರಿಗೆ ನನ್ನ ಬೆನ್ನು. "ಬೆನ್ನು ತೋರಿಸಬೇಡ ಮಗು, ಪಕ್ಕಕ್ಕೆ ಬಾ" ಅಂತ ವಕೀಲರು ಪಿಸುಗುಟ್ಟಿದರು. "ಅವಳು ಅಲ್ಲೇ ಇರಬೇಕು ಸುಮ್ಕಿರಿ" ಅಂತ ಅಮ್ಮಾವ್ರು ಅವರ ಬಾಯಿ ಮುಚ್ಚಿಸಿದರು. ಇಷ್ಟೊಂದು ಹುಡುಗಿಯರಿದ್ದಾರೆ, ಎಡ ಬಲ ತಿಳಿದವರಿದ್ದಾರೆ, ಹೋಗಿ ಹೋಗಿ ನನ್ನನ್ನು ಕರೆಯುವುದೇ? ನನ್ನ ಕಾಲು ಈಗ ತಪ್ಪಿದರೆ ಅಮ್ಮಾವ್ರಿಗೆ ಏನೂ ಬರುವುದಿಲ್ಲ ಅಂತ ಬರೆದುಕೊಂಡು ಹೋಗುತ್ತಾರೆ. ಬಲಗಾಲು ಯಾವುದು ಅಂತ ನೆನಪು ಮಾಡಿಕೊಳ್ಳಲು ಹೋದೆ, ನೆನಪಾಗಲಿಲ್ಲ. ಗಾಬರಿಯಲ್ಲಿ ಅಮ್ಮಾವ್ರ ಮುಖ ನೋಡಿದೆ. ಅವರು ಹುಬ್ಬು ಹಾರಿಸಿದರು, ಎಲ್ಲಿ ನೋಡೋಣ ಅನ್ನುವ ಹಾಗೆ.

ತಾಳ ಬಿದ್ದಿತು. ಅವರ ಎಡಗಾಲು, ನನ್ನ ಬಲಗಾಲು. ಆಮೇಲೆ ನಡೆದದ್ದು ನನಗೆ ಪಾಠದ ಹಾಗೇ ನೆನಪಿದೆ. ಅವರ ಮೈಯಿಂದ ಆ ತಡವರಿಕೆ ಮಾಯವಾಗಿತ್ತು. ಅಷ್ಟು ದಪ್ಪ ಹೆಂಗಸು ಹಗುರಾಗಿ ಹೋಗಿದ್ದರು. ಹೆಜ್ಜೆ ಮುಗಿಸಿ ಅಭಿನಯಕ್ಕೆ ಬಂದರು: ಊಟ ಮಾಡದೆ ಓಡುವ ಮಗುವಿಗೆ ತಾಯಿ ತುತ್ತು ಕೊಡುವುದು. ಚಂದ್ರನನ್ನು ತೋರಿಸಿ, ಗದರಿಸಿ, ಹುಸಿ ಅಳು ಅತ್ತು, ಕೊನೆಗೆ ತುತ್ತು ಎತ್ತಿದರು, ಎಡಗೈಯಲ್ಲಿ. ನಾನು ಬಲಗೈಯಲ್ಲಿ ಎತ್ತಿದೆ. ಬಲಗೈಯಲ್ಲಿ ತುತ್ತು ಎತ್ತುವುದು ನನಗೆ ಸಲೀಸಾಗಿ ಬರುತ್ತಿದ್ದದ್ದು ಅಲ್ಲೊಂದೇ, ಅವರ ಎದುರಿಗೆ. ಆ ತಾಯಿ ಉಣಿಸುತ್ತಿದ್ದದ್ದು ನನಗೇ ಅಂತ ಅನ್ನಿಸಿ ನನ್ನ ಕಣ್ಣು ತುಂಬಿಬಂತು.

ಹಿಂದೆ ಕುರ್ಚಿ ಸರಿದ ಸದ್ದಾಯಿತು. ನೋಡಿದರೆ ಆ ಖಾದಿ ಸೀರೆಯ ಹೆಂಗಸು ಸೆರಗು ಸಿಕ್ಕಿಸಿಕೊಂಡು ಬಂದು ನನ್ನ ಪಕ್ಕದಲ್ಲಿ ನಿಂತಿದ್ದಾರೆ! "ಆ ಚಂದ್ರನ್ನ ತೋರಿಸೋದು ಇನ್ನೊಂದು ಸಲ ಮಾಡಿ ಅಮ್ಮ" ಅಂದರು. ಅಮ್ಮಾವ್ರು ಮಾಡಿದರು. ಆಕೆ ನನ್ನ ಜೊತೆ ನಿಂತು ಮಾಡಿದರು. "ಮೊಣಕೈ ಎತ್ತಿ, ಚಂದ್ರ ಏನು ಬಾವಿ ಒಳಗಿದಾನಾ?" ಅಂತ ಅಮ್ಮಾವ್ರು ಸಮಿತಿಯವರನ್ನೇ ಗದರಿಬಿಟ್ಟರು. ವಕೀಲರು ಕಣ್ಣು ಮುಚ್ಚಿಕೊಂಡರು. ಆಕೆ ನಕ್ಕು ಮೊಣಕೈ ಎತ್ತಿದರು.

ಇಷ್ಟಾದ ಮೇಲೆ ಎಲ್ಲ ಸುಗಮವಾಯಿತು ಅಂತ ಬರೆಯಲು ನನಗೂ ಆಸೆ. ಪೂರ್ತಿ ಹಾಗಾಗಲಿಲ್ಲ. ದಿಲ್ಲಿಯಿಂದ ಹುಕುಂ ಬಂತು. ಶಾಲೆಗೆ ಮಂಜೂರಾತಿ ಸಿಕ್ಕಿತು, ಅಮ್ಮಾವ್ರ ಕೆಲಸವೂ ಕೋಣೆಯೂ ಉಳಿದವು. ಆದರೆ ಅವರು ಹೊಸದಾಗಿ ಸೇರಿದವರಿಗೆ ಮೊದಲ ಪಾಠಗಳನ್ನಷ್ಟೇ ಹೇಳಿಕೊಡಬೇಕು. ವೇದಿಕೆಯ ನಾಟ್ಯಕ್ಕೆ ಬೇರೆ ಗುರುಗಳು ಬರುತ್ತಾರೆ. ನನಗೆ ಮೈಯೆಲ್ಲ ಉರಿಯಿತು. ಅಷ್ಟು ಚೆನ್ನಾಗಿ ಮಾಡಿದವರಿಗೆ ಅಆಇಈ ತಿದ್ದಿಸುವ ಕೆಲಸವೇ? ಅದನ್ನು ಅಮ್ಮಾವ್ರ ಮುಂದೆಯೇ ಅಂದೆ. ಅವರು ನಶ್ಯ ಏರಿಸಿ, ಸೀನಿ, ಕಣ್ಣೊರೆಸಿಕೊಂಡು, "ಅವರು ಹೇಳಿದ್ದು ಸರಿ ಕಣೇ. ವೇದಿಕೆ ಮೇಲೆ ಎದುರಿಗೆ ಯಾರಿರ್ತಾರೆ? ಜನ ಇರ್ತಾರೆ. ಜನ ಏನು ಕಾಲು ಎತ್ತುತಾರಾ?" ಅಂದರು. ಕಣ್ಣೊರೆಸಿಕೊಂಡದ್ದು ಸೀನಿಗೋ ಬೇರೆಯದಕ್ಕೋ ನಾನು ಕೇಳಲಿಲ್ಲ. ಆಮೇಲೆ ಅವರು ಒಬ್ಬರೇ ನಿಂತು ಕುಣಿದದ್ದನ್ನು ಯಾರೂ ನೋಡಲಿಲ್ಲ.

ಶಾಲೆ ಬೆಳೆಯಿತು. ಹಿತ್ತಲಿನಲ್ಲಿ ಹಾಸ್ಟೆಲ್ಲು ಎದ್ದಿತು. ಪಂಜಾಬಿನವರು, ಅಸ್ಸಾಮಿನವರು, ಒರಿಸ್ಸಾದವರು ಬಂದರು. ನಮ್ಮ ರಾಷ್ಟ್ರ ಬೋಗಾದಿ ದಾಟಿತು. ಹೊಸ ಗುರುಗಳ ಮಾತು ಅರ್ಥವಾಗದೆ ಒದ್ದಾಡಿದ ಆ ಹುಡುಗಿಯರು ಅಮ್ಮಾವ್ರ ಹತ್ತಿರ ಸಲೀಸಾಗಿ ಕಲಿತರು. ಅಲ್ಲಿ ಭಾಷೆ ಯಾರಿಗೆ ಬೇಕಿತ್ತು? ಒಬ್ಬ ಪಂಜಾಬಿ ಹುಡುಗಿ ಮೊದಲು ಕಲಿತ ಕನ್ನಡ 'ಮುಂಡೇದೆ'. ಅದು ಪ್ರೀತಿಯ ಮಾತು ಅಂದುಕೊಂಡು ವಕೀಲರನ್ನು ಹಾಗೇ ಕರೆದುಬಿಟ್ಟಳಂತೆ.

ನನ್ನ ಮದುವೆ ಗೊತ್ತಾಯಿತು. ಹುಡುಗನ ಮನೆ ಕುಂಬಾರಕೊಪ್ಪಲಿನಲ್ಲಿ, ದಿನಸಿ ವ್ಯಾಪಾರ, ಆಚಾರವಂತರು. ನಾನು ಎಡಚಿ ಅನ್ನುವುದನ್ನು ಅಜ್ಜಿ ಅವರಿಂದ ಮುಚ್ಚಿಟ್ಟಿದ್ದರು. ಹೆಣ್ಣು ನೋಡಲು ಬಂದಾಗ ತಟ್ಟೆಯನ್ನು ಎರಡೂ ಕೈಯಲ್ಲಿ ಹಿಡಿಯಬೇಕು ಅಂತ ಕಟ್ಟಪ್ಪಣೆ. ಅಮ್ಮಾವ್ರಿಗೆ ಅಪ್ಪಾಜಿಯೇ ಹೋಗಿ ಲಗ್ನಪತ್ರಿಕೆ ಕೊಟ್ಟು ಬಂದರು. "ಅವರನ್ನ ಮುಂದೆ ಕೂರಿಸು" ಅಂತ ಹೇಳಿದವರು ಅಜ್ಜಿ. ಅಷ್ಟು ಹೊತ್ತಿಗೆ ಅಮ್ಮಾವ್ರ ಮಂಡಿ ಪೂರಾ ಕೆಟ್ಟಿತ್ತು. ಮದುವೆಯ ದಿನ ಅವರನ್ನು ಜಟಕಾದಿಂದ ಇಳಿಸಲು ಇಬ್ಬರು ಬೇಕಾಯಿತು.

ಧಾರೆ ಮುಗಿಸಿಕೊಂಡು ಸಂಜೆಗೆ ಕುಂಬಾರಕೊಪ್ಪಲಿನ ಮನೆಗೆ ಹೋದೆವು. ಹೊಸಿಲ ಮೇಲೆ ಸೇರು ತುಂಬ ಅಕ್ಕಿ. ಅದನ್ನು ಬಲಗಾಲಿನಿಂದ ಒಳಕ್ಕೆ ಉರುಳಿಸಿ ಮನೆ ತುಂಬಬೇಕು. ಬೀದಿಯೆಲ್ಲ ಜನ. "ಬಲಗಾಲು ಕಣಮ್ಮ, ಬಲಗಾಲು" ಅಂತ ಯಾರೋ ಅಂದರು. ಇನ್ನೊಬ್ಬರು ಅಂದರು. ಎಲ್ಲರೂ ಅನ್ನತೊಡಗಿದರು. ಅಷ್ಟೇ, ನನ್ನ ತಲೆ ಖಾಲಿಯಾಯಿತು. ಯಾವುದು ಬಲ? ಬಾಗಿ ನೋಡಲು ಕುತ್ತಿಗೆಯಲ್ಲಿ ಹಾರ, ಹಣೆಗೆ ಬಾಸಿಂಗ. ನೋಡಿದರೂ ಕಾಲಿಗೇನು ಹೆಸರು ಬರೆದಿತ್ತೇ? ಅತ್ತೆ ಆರತಿ ತಟ್ಟೆ ಹಿಡಿದು ಕಾಯುತ್ತಿದ್ದರು. ಹಿಂದಿನಿಂದ ಅಜ್ಜಿಯ ಜಪ ಕೇಳಿಸುತ್ತಿತ್ತು. ಯಾರೋ ಹೆಂಗಸು, "ಯಾಕೆ, ಹುಡುಗಿ ನಿಂತೇಬುಟ್ಲು?" ಅಂದರು.

ನಾನು ತಲೆ ಎತ್ತಿದೆ. ನಡುಮನೆಯಲ್ಲಿ, ಅತ್ತೆಯ ಹೆಗಲ ಹಿಂದೆ, ನನಗೆ ಸರಿಯಾಗಿ ಎದುರಿಗೆ ಅಮ್ಮಾವ್ರು ನಿಂತಿದ್ದರು. ನಮ್ಮೆಲ್ಲರಿಗಿಂತ ಮೊದಲು ಯಾವ ಮಾಯದಲ್ಲಿ ಒಳಗೆ ನುಗ್ಗಿದ್ದರೋ ದೇವರಿಗೇ ಗೊತ್ತು. ಹುಬ್ಬು ಹಾರಿಸಿದರು. ಒಂದು ಕೈಯಲ್ಲಿ ಗೋಡೆ ಹಿಡಿದುಕೊಂಡು, ಇನ್ನೊಂದರಲ್ಲಿ ಸೀರೆಯ ನೆರಿಗೆ ತುಸು ಮೇಲೆತ್ತಿ, ನೋವಿಗೆ ತುಟಿ ಕಚ್ಚಿಕೊಂಡು ಎಡಗಾಲು ಎತ್ತಿದರು.

ನಾನು ಕಾಲು ನೋಡಲಿಲ್ಲ, ಅವರನ್ನು ನೋಡಿದೆ. ಸೇರು ಉರುಳಿ ಅಕ್ಕಿ ನಡುಮನೆಯ ತನಕ, ಅವರ ಪಾದದ ಹತ್ತಿರದವರೆಗೂ ಚೆಲ್ಲಿತು.